ಹಿಮದೂರಿನ ಮನೆ

ರಾಯಚೂರು ಸೀಮೆಯ ಬೇಸಗೆಯನ್ನು ಉಂಡವರೇ ಬಲ್ಲರು. ಒಂದು ಕಡೆ ಕೃಷ್ಣೆ, ಮತ್ತೊಂದು ಕಡೆ ತುಂಗಭದ್ರೆ ಹರಿಯುತ್ತಿದ್ದರೇನಾಯಿತು? ಚೈತ್ರ ಮುಗಿಯುವ ಹೊತ್ತಿಗೆ ನಡುವಣ ನೆಲವೆಲ್ಲ ಕಾದ ಹೆಂಚಾಗಿಬಿಡುತ್ತದೆ. ಮಾನವಿ ತಾಲ್ಲೂಕಿನ ಕುರ್ಡಿಯಲ್ಲಿ ಅಂಥದೊಂದು ಮಧ್ಯಾಹ್ನ, ಬೀದಿಗೆ ನಾಯಿಯೂ ತಲೆಹಾಕದ ಹೊತ್ತಿನಲ್ಲಿ, ಒಂದು ಮನೆಯ ಪಡಸಾಲೆಯಲ್ಲಿ ಅಕ್ಕ ತಮ್ಮಂದಿರಿಬ್ಬರೂ ಹಿಮದಲ್ಲಿ ನಡೆಯುತ್ತಿದ್ದರು.

ಅದು ಲ್ಯಾಪ್‌ಟಾಪಿನ ಪರದೆಯೊಳಗಣ ಹಿಮ. ಆದರೆ ಅದರಲ್ಲಿ ಮುಳುಗಿದವರಿಗೆ ಮೇಲಿನ ಪಂಕದ ಕಿರಗುಟ್ಟುವಿಕೆಯೂ ಕೇಳಿಸದು, ಬೆನ್ನ ಮೇಲೆ ಇಳಿಯುವ ಬೆವರೂ ತಿಳಿಯದು. ಅವರು ಆಡುತ್ತಿದ್ದುದು ಸ್ಕೈರಿಮ್ ಎಂಬ ಆಟ. 2011ರ ನವೆಂಬರ್ 11ರಂದು ಹೊರಬಂದ ಈ ಆಟ ಎಲ್ಡರ್ ಸ್ಕ್ರಾಲ್ಸ್ ಎಂಬ ಮಾಲೆಯಲ್ಲಿ ಐದನೆಯದು. ಇಷ್ಟು ವರ್ಷಗಳ ತರುವಾಯವೂ ಅದನ್ನು ಆಡುವವರು ಇದ್ದಾರೆ. ಚಿತ್ರಪಟದಲ್ಲಿ ನಾಯಕ ಎತ್ತ ಹೋದರೆ ನಾವೂ ಅತ್ತಲೇ ಹೋಗಬೇಕಷ್ಟೆ? ಇಲ್ಲಿ ಹಾಗಲ್ಲ. ಆಡುವವನೇ ನಾಯಕ. ಬೆಟ್ಟ ಹತ್ತುವನೋ, ಹೊಳೆಯಲ್ಲಿ ಮೀನು ಹಿಡಿಯುವನೋ, ಡ್ರ್ಯಾಗನ್ನುಗಳೊಡನೆ ಕಾದುವನೋ ಎಲ್ಲವೂ ಅವನಿಚ್ಛೆ. ಊರೂರಿನಲ್ಲಿಯೂ ಯಾರಾದರೊಬ್ಬರು ಅವನಿಗೆ ಒಂದು ಕೆಲಸ ಒಪ್ಪಿಸುತ್ತಾರೆ: ಕಳೆದ ಉಂಗುರವನ್ನು ಹುಡುಕಿಕೊಡು, ಗುಹೆಯ ಕಳ್ಳರನ್ನು ಓಡಿಸು, ಮಗನ ಸುದ್ದಿ ತಂದುಕೊಡು. ಇದಕ್ಕೆ ಕ್ವೆಸ್ಟ್ ಎಂದು ಹೆಸರು. ನಮ್ಮ ಅಜ್ಜಿಯರ ಕಥೆಗಳಲ್ಲಿ ರಾಜಕುಮಾರನು ಏಳು ಸಮುದ್ರ ದಾಟಿ ಗಿಳಿಯನ್ನು ತಂದನಲ್ಲವೆ, ಅಂಥದೇ.

ಅಕ್ಕನಿಗೆ ಬೆಂಗಳೂರಿನಲ್ಲಿ ಕೆಲಸ. ಇತರರು ಬರೆದ ಪ್ರೋಗ್ರಾಮುಗಳಲ್ಲಿ ತಪ್ಪು ಹುಡುಕುವುದೇ ಆಕೆಯ ಉದ್ಯೋಗ. “ಮಂದಿ ತಪ್ಪು ಹುಡುಕಾಕ ಪಗಾರ ಕೊಡ್ತಾರಂದ್ರ ನಮ್ಮೂರಾಗ ಎಲ್ಲರೂ ಸಾವ್ಕಾರರಾಗತಿದ್ರು” ಎಂದು ಅಜ್ಜಿ ನಗುತ್ತಿದ್ದಳು. ರಾಯಚೂರಿನಲ್ಲಿ ಕಾಲೇಜು ಓದುತ್ತಿದ್ದ ತಮ್ಮನಿಗೆ ಆಕೆ ತನ್ನ ಹಳೆಯ ಲ್ಯಾಪ್‌ಟಾಪನ್ನು ಕೊಟ್ಟಿದ್ದಳು. ಹಿಂದಿನ ದೀಪಾವಳಿಯ ರಜೆಯಲ್ಲಿ ಇಬ್ಬರೂ ಸೇರಿ ಒಬ್ಬ ವೀರಾಂಗನೆಯನ್ನು ಸೃಷ್ಟಿಸಿ ಆಟ ಆರಂಭಿಸಿದ್ದರು. ಕತ್ತಿ ಹಿಡಿಯುವ ಪಾಳಿ ತಮ್ಮನದು, ಜನರೊಡನೆ ಮಾತನಾಡಿ ವ್ಯವಹಾರ ಕುದುರಿಸುವ ಪಾಳಿ ಅಕ್ಕನದು. ಸಂಕ್ರಾಂತಿಗೆ ಬಂದಾಗ ಮತ್ತಷ್ಟು, ಯುಗಾದಿಗೆ ಬಂದಾಗ ಇನ್ನಷ್ಟು. ಹೀಗೆ ಎಂಬತ್ತು ಗಂಟೆಗಳಿಗೂ ಮಿಕ್ಕಿ ಆಟ ನಡೆದಿತ್ತು.

ಈಗ ವೈಶಾಖ. ಅಕ್ಕನ ಮದುವೆಗೆ ಇನ್ನು ಒಂಬತ್ತೇ ದಿನ. ವರನಿಗೆ ಕೆನಡಾ ದೇಶದ ವಿನಿಪೆಗ್ ಪಟ್ಟಣದಲ್ಲಿ ಕೆಲಸ. ಚಳಿಗಾಲದ ರಾತ್ರಿಗಳಲ್ಲಿ ಅಲ್ಲಿ ಉಷ್ಣತೆ ಸೊನ್ನೆಗಿಂತ ಮೂವತ್ತು ಡಿಗ್ರಿ ಕೆಳಕ್ಕೆ ಇಳಿಯುವುದುಂಟು. ನಲವತ್ತು ಡಿಗ್ರಿಯ ಬಿಸಿಲಿನಲ್ಲಿ ಹಪ್ಪಳ ಒಣಗಿಸುತ್ತ ಬೆಳೆದ ಹುಡುಗಿ ಅಲ್ಲಿ ಹೇಗೆ ಬಾಳಿಯಾಳೆಂಬ ಚಿಂತೆ ತಾಯಿಗೆ. ತಮ್ಮ ಮಾತ್ರ ಅದರ ಸುದ್ದಿಯನ್ನೇ ಎತ್ತಿದವನಲ್ಲ. ಅವನದು ಒಂದೇ ಹಟ: ಅಕ್ಕ ಹೊರಡುವುದರೊಳಗೆ ವಿಂಡ್‌ಹೆಲ್ಮಿನ ಮನೆಯನ್ನು ಕೊಂಡೇ ತೀರಬೇಕು.

ವಿಂಡ್‌ಹೆಲ್ಮ್ ಎಂಬುದು ಆ ಆಟದಲ್ಲಿ ಉತ್ತರಕ್ಕಿರುವ ಒಂದು ಹಳೆಯ ನಗರ. ವರ್ಷವಿಡೀ ಹಿಮ, ಕಲ್ಲಿನ ಗೋಡೆ, ಮಂಕು ಬೆಳಕು. ಅಲ್ಲಿ ಹ್ಯೆರಿಮ್ ಎಂಬ ಹೆಸರಿನ ದೊಡ್ಡದೊಂದು ಮನೆ ಮಾರಾಟಕ್ಕೆ ಸಿಗುತ್ತದೆ. ಬೆಲೆ 12,000 ಚಿನ್ನದ ನಾಣ್ಯ. ಚಿಲ್ಲರೆ ಚಿಲ್ಲರೆಯಾಗಿ ಕೂಡಿಸಿ, ಗುಹೆ ಗುಹೆ ಹೊಕ್ಕು ಬಂದು, ಬೇಟೆಯಾಡಿದ ತೊಗಲು ಮಾರಿ, ಇಬ್ಬರೂ ಅಷ್ಟು ಹಣವನ್ನು ಗಂಟು ಕಟ್ಟಿದ್ದರು. ಆದರೆ ಹಣವೊಂದಿದ್ದರೆ ಸಾಲದು. ಆ ನಾಡಿನ ಅಂತರ್ಯುದ್ಧದಲ್ಲಿ ಒಂದು ಪಕ್ಷ ವಹಿಸಿ ಬಹುದೂರ ನಡೆದಿರಬೇಕು, ಅದಾಗಿತ್ತು. ಅಲ್ಲದೆ “ಹಿಮದ ಮೇಲಿನ ನೆತ್ತರು” ಎಂಬರ್ಥದ ಹೆಸರುಳ್ಳ ಒಂದು ಕ್ವೆಸ್ಟನ್ನು ಮುಗಿಸಿರಬೇಕು. ಸಂಕಟವೆಲ್ಲ ಶುರುವಾದುದು ಇಲ್ಲಿಂದ.

ಈ ಕ್ವೆಸ್ಟು ಪತ್ತೇದಾರಿ ಕಾದಂಬರಿಯಂತೆಯೇ ಮೊದಲಾಗುತ್ತದೆ. ರಾತ್ರಿಯ ವೇಳೆ ನಗರದ ಸ್ಮಶಾನದಲ್ಲಿ ಒಬ್ಬ ಹುಡುಗಿಯ ಹೆಣ ಬಿದ್ದಿರುತ್ತದೆ. ಪಾನಗೃಹವೊಂದರಲ್ಲಿ ದುಡಿಯುತ್ತಿದ್ದವಳು, ಪಾಪ. ಊರಿನಲ್ಲಿ ಇಂಥ ಕೊಲೆ ಇದೇ ಮೊದಲಲ್ಲ. ಸುತ್ತ ನಿಂತ ಮೂವರನ್ನು ವಿಚಾರಿಸಿ ಕಾವಲುಗಾರನಿಗೆ ವರದಿ ಒಪ್ಪಿಸಬೇಕು. ಯುದ್ಧದ ಗದ್ದಲದಲ್ಲಿ ತಮಗೆ ಬಿಡುವಿಲ್ಲವೆಂದೂ, ತನಿಖೆ ಮಾಡುವ ಮನಸ್ಸಿದ್ದರೆ ಅರಮನೆಯ ಪಾರುಪತ್ಯಗಾರನನ್ನು ಕಾಣಬೇಕೆಂದೂ ಅವನು ಹೇಳುತ್ತಾನೆ. ಪಾರುಪತ್ಯಗಾರ ಅಪ್ಪಣೆ ಕೊಟ್ಟ ಮೇಲೆ ಹಿಮದ ಮೇಲಿನ ನೆತ್ತರ ಜಾಡು ಹಿಡಿದು ಹೊರಡುವುದು. ಆ ಜಾಡು ಹೋಗಿ ಮುಟ್ಟುವುದೆಲ್ಲಿಗೆ? ಹ್ಯೆರಿಮ್ ಮನೆಯ ಬಾಗಿಲಿಗೇ!

ಇದನ್ನು ಕೇಳಿ, ಕಡಲೆ ಆರಿಸುತ್ತ ಕುಳಿತಿದ್ದ ಅಜ್ಜಿ ಬೆಚ್ಚಿಬಿದ್ದಳು. “ಕೊಲಿ ಆದ ಮನಿ ಯಾರರೆ ತಗೋತಾರೇನವ್ವ? ಬ್ಯಾರೆ ಮನಿ ಸಿಗಲಿಲ್ಲೇನು ನಿಮಗ?”

“ಅದಕ್ಕ ಅಜ್ಜಿ, ಕೊಲಿ ಮಾಡಿದಾವನ್ನ ಹಿಡಕೊಟ್ಟು ಆಮೇಲೆ ತಗೊಳ್ಳೋದು” ಎಂದಳು ಅಕ್ಕ.

ಹಿಡಿದುಕೊಡುವುದಿರಲಿ, ಪಾರುಪತ್ಯಗಾರ ಬಾಯಿಯನ್ನೇ ಬಿಡಲಿಲ್ಲ. ಅರಮನೆಯ ಸಭಾಂಗಣದಲ್ಲಿ ಅವನು ಎಂದಿನಂತೆ ನಿಂತಿದ್ದ. ಎಂದಿನಂತೆ ಕುಶಲ ನುಡಿದ. ಆದರೆ ಅವನೆದುರು ಹೋಗಿ ನಿಂತಾಗ ಕೊಲೆಯ ವಿಚಾರವಾಗಿ ಕೇಳುವುದಕ್ಕೆ ಪರದೆಯ ಮೇಲೆ ಮೂಡಬೇಕಾದ ಪ್ರಶ್ನೆ ಮೂಡಲೇ ಇಲ್ಲ. ಪ್ರಶ್ನೆಯೇ ಇಲ್ಲವೆಂದ ಮೇಲೆ ಉತ್ತರವೆಲ್ಲಿಯದು? ಬರೆಹದ ಪಟ್ಟಿಯಲ್ಲಿ “ಪಾರುಪತ್ಯಗಾರನೊಡನೆ ಮಾತನಾಡು” ಎಂಬ ಆಜ್ಞೆಯೇನೋ ನಿಚ್ಚಳವಾಗಿತ್ತು. ಅವನ ತಲೆಯ ಮೇಲೆ ಗುರುತಿನ ಬಾಣವೂ ತೂಗುತ್ತಿತ್ತು. ಮನುಷ್ಯ ಮಾತ್ರ ಏನೂ ಆಗಿಲ್ಲವೆಂಬಂತೆ ಹಜಾರದಲ್ಲಿ ಅಡ್ಡಾಡುತ್ತಿದ್ದ.

ಮೊದಲು ಅವರು ಮಾಡಿದ್ದು ಎಲ್ಲರೂ ಮಾಡುವ ಉಪಾಯಗಳನ್ನೇ. ಒಂದು ಹಗಲು ಒಂದು ರಾತ್ರಿ ಕಾದರು. ಆಟದೊಳಗೆ ಇಪ್ಪತ್ನಾಲ್ಕು ಗಂಟೆ ಕಾಯುವುದಕ್ಕೆ ಹೊರಗೆ ಒಂದು ನಿಮಿಷವೂ ಬೇಕಿಲ್ಲ. ನಗರ ಬಿಟ್ಟು ಬೇರೆ ಊರಿಗೆ ಹೋಗಿ ಮಲಗೆದ್ದು ಬಂದರು. ಆಟವನ್ನು ಮುಚ್ಚಿ ತೆರೆದರು. ಕಾವಲುಗಾರನನ್ನೂ ಮೂವರು ಸಾಕ್ಷಿಗಳನ್ನೂ ಮತ್ತೆ ಮಾತನಾಡಿಸಿದರು. ತಮ್ಮನಂತೂ ಸಿಟ್ಟಿನಿಂದ ಪಾರುಪತ್ಯಗಾರನ ತಲೆಯ ಮೇಲೆ ಒಂದು ಬುಟ್ಟಿಯನ್ನು ಕವುಚಿ ನೋಡಿದ. ಅವನು ಬುಟ್ಟಿಯೊಳಗಿನಿಂದಲೇ ಸ್ವಾಗತ ಹೇಳಿದ.

ಇಂಥ ಎಡವಟ್ಟಿಗೆ ಬಗ್ ಎನ್ನುತ್ತಾರೆ, ಎಂದರೆ ಹುಳು. 1947ರ ಸೆಪ್ಟೆಂಬರ್ 9ರಂದು ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾನಿಲಯದ ಮಾರ್ಕ್ 2 ಎಂಬ ಗಣಕಯಂತ್ರದ ರಿಲೇಯೊಂದರಲ್ಲಿ ನಿಜವಾಗಿಯೂ ಒಂದು ಪತಂಗ ಸಿಕ್ಕಿಬಿದ್ದಿತ್ತು. ಅಲ್ಲಿನವರು ಅದನ್ನು ಹೊರತೆಗೆದು ದಿನಚರಿಯ ಪುಟಕ್ಕೆ ಅಂಟಿಸಿಟ್ಟರು. ಆ ಪುಟ ಇಂದಿಗೂ ಸ್ಮಿತ್‌ಸೋನಿಯನ್ ಸಂಗ್ರಹದಲ್ಲಿದೆ. ಯಂತ್ರದ ದೋಷಕ್ಕೆ ಹುಳುವೆಂಬ ಹೆಸರು ಎಡಿಸನ್ನನ ಕಾಲಕ್ಕೇ ಬಳಕೆಯಲ್ಲಿತ್ತು, ಅದು ಬೇರೆ ಮಾತು. ಆದರೆ ಆ ಪತಂಗದಂತೆ ಚಿಮುಟದಲ್ಲಿ ಎತ್ತಿ ಬಿಸುಡುವ ಹುಳು ಇದಲ್ಲ. ಸ್ಕೈರಿಮಿನಂಥ ಆಟದಲ್ಲಿ ಪ್ರತಿಯೊಂದು ಕ್ವೆಸ್ಟಿಗೂ ಮೆಟ್ಟಿಲುಗಳಿರುತ್ತವೆ. ಯಾವ ಪಾತ್ರ ಯಾವ ಮಾತನ್ನು ಯಾವ ಮೆಟ್ಟಿಲಲ್ಲಿ ಆಡಬೇಕೆಂಬುದಕ್ಕೆ ಕಟ್ಟಳೆಗಳಿರುತ್ತವೆ. ಸಾವಿರಾರು ಮಾತು, ನೂರಾರು ಜನ. ಆಡುವವನೋ ಎಲ್ಲಿಂದ ಬೇಕಾದರೂ ಎಲ್ಲಿಗೆ ಬೇಕಾದರೂ ನುಗ್ಗಬಲ್ಲ. ಮನೆ ಮಾರುವುದಕ್ಕೂ ಅದೇ ಪಾರುಪತ್ಯಗಾರ, ಕೊಲೆಯ ತನಿಖೆಗೂ ಅವನೇ. ಎಲ್ಲೋ ಒಂದು ಕಟ್ಟಳೆ ಮತ್ತೊಂದರ ಕಾಲು ತುಳಿದರೆ ಸಾಕು, ಒಂದು ಮೆಟ್ಟಿಲು ಕಳಚಿಬೀಳುತ್ತದೆ. “ಹಿಮದ ಮೇಲಿನ ನೆತ್ತರು” ಈ ವಿಷಯದಲ್ಲಿ ಆಟಗಾರರ ನಡುವೆ ಕುಪ್ರಸಿದ್ಧವೇ ಸರಿ. ಅದೇ ಮಾಲೆಯಲ್ಲಿ 1996ರಲ್ಲಿ ಬಂದ ಡ್ಯಾಗರ್‌ಫಾಲ್ ಎಂಬ ಆಟವಂತೂ ಇನ್ನೂ ಮೇಲು: ಅಲ್ಲಿ ನೆಲಮಾಳಿಗೆಯಲ್ಲಿ ನಡೆಯುತ್ತಿದ್ದವನು ಹಠಾತ್ತನೆ ನೆಲ ತೂರಿ ಶೂನ್ಯಕ್ಕೆ ಬೀಳುತ್ತಿದ್ದ!

ನಮ್ಮ ಬಯಲಾಟದಲ್ಲಿಯೂ ಪಾತ್ರಧಾರಿ ಮಾತು ಮರೆತು ಕಂಬದಂತೆ ನಿಲ್ಲುವುದುಂಟು. ಆಗ ಭಾಗವತನು ಸುಮ್ಮನಿರುತ್ತಾನೆಯೆ? ಪದವನ್ನು ಇನ್ನೊಂದು ಸುತ್ತು ಎಳೆದು, ನಡುವೆ ತಾನೇ ಎರಡು ಪ್ರಶ್ನೆ ಎಸೆದು, ಮರೆತವನನ್ನು ದಡ ಮುಟ್ಟಿಸುತ್ತಾನೆ. ಮುಂದೆ ಕುಳಿತವರಿಗೆ ಸುಳಿವೇ ಸಿಗದು. ಯಂತ್ರದ ಆಟಕ್ಕೆ ಅಂಥ ಭಾಗವತನಿಲ್ಲ.

ಇಲ್ಲವೆನ್ನುವುದೂ ಪೂರ್ತಿ ಸರಿಯಲ್ಲ. ಬಿಡುವಿನ ವೇಳೆಯಲ್ಲಿ, ಕಾಸು ಪಡೆಯದೆ, ಈ ಆಟದ ನೂರಾರು ದೋಷಗಳನ್ನು ಹುಡುಕಿ ತಿದ್ದಿದ ಆಟಗಾರರ ಬಳಗವೊಂದಿದೆ. ಅವರ ತಿದ್ದುಪಡಿಗೆ “ಅನಧಿಕೃತ ತೇಪೆ” ಎಂಬರ್ಥದ ಹೆಸರು. ಬಟ್ಟೆ ಹರಿಯುವ ಮೊದಲೇ ತೇಪೆ ಹಾಕಿಕೊಂಡಿದ್ದರೆ ಚೆನ್ನಿತ್ತು. ಆಟ ಒಮ್ಮೆ ಸಿಕ್ಕಿಕೊಂಡಿತೆಂದರೆ ಆ ಸಿಕ್ಕು ಉಳಿಸಿಟ್ಟ ಆಟದೊಳಗೇ ಬರೆದುಹೋಗಿರುತ್ತದೆ. ತೇಪೆ ಹಾಕಿದರೂ ಬಿಡಿಸಿಕೊಂಡೀತೆಂಬ ಭರವಸೆಯಿಲ್ಲ. ಅವರು ಹಾಕಿ ನೋಡಿದರು. ಪಾರುಪತ್ಯಗಾರನ ಮೌನ ಮುರಿಯಲಿಲ್ಲ.

ಉಳಿದ ದಾರಿಗಳು ಎರಡು. ಹಿಂದೆ ಉಳಿಸಿಟ್ಟ ಆಟಕ್ಕೆ ಮರಳುವುದು ಮೊದಲನೆಯದು. ಆಟವನ್ನು ಅಲ್ಲಲ್ಲಿ ನಿಲ್ಲಿಸಿ ಕಾಪಿಡುವುದಕ್ಕೆ ಸೇವ್ ಎನ್ನುತ್ತಾರೆ. ಯಂತ್ರವು ತಾನಾಗಿ ಮಾಡಿಕೊಳ್ಳುವ ಸೇವ್‌ಗಳು ಮೂರೇ. ಹೊಸದು ಬಂದಂತೆ ಹಳೆಯದು ಅಳಿಸಿಹೋಗುತ್ತದೆ. ಆ ಮೂರರಲ್ಲಿಯೂ ಕ್ವೆಸ್ಟು ಕೆಟ್ಟಿತ್ತು. ಕೆಡುವ ಮೊದಲು ಅವರೇ ಮಾಡಿಟ್ಟ ಒಂದು ಸೇವ್ ಸಿಕ್ಕಿತು. ಅದು ಹನ್ನೊಂದು ಗಂಟೆಗಳ ಆಟದಷ್ಟು ಹಿಂದಿನದು.

ಹನ್ನೊಂದು ಗಂಟೆಯನ್ನು ಮತ್ತೆ ಆಡಿದರಾಯಿತು, ಅದರಲ್ಲೇನಿದೆ ಎನ್ನಬಹುದು. ಮದುವೆಯ ಮನೆಯಲ್ಲಿ ಹನ್ನೊಂದು ಗಂಟೆ ಎಲ್ಲಿಂದ ತರುವುದು? ಹಪ್ಪಳ, ಸಂಡಿಗೆ, ಬಳೆಗಾರ, ದರ್ಜಿ, ಬೀಗರ ಫೋನು. ಆದರೆ ತಮ್ಮನನ್ನು ತಡೆದುದು ಅದಲ್ಲ. ಯುಗಾದಿಯ ಹಿಂದಿನ ರಾತ್ರಿ ಅವನು ನಿದ್ದೆಹೋದ ಮೇಲೆ ಅಕ್ಕ ಒಬ್ಬಳೇ ಆಡುತ್ತ ಕುಳಿತಿದ್ದಳು. ಯುದ್ಧವಿಲ್ಲ, ಸಾಹಸವಿಲ್ಲ. ವೈಟ್‌ರನ್ ಎಂಬ ಊರಿನಲ್ಲಿ ಅವರಿಗೆ ಮೊದಲೇ ಇದ್ದ, 5,000 ನಾಣ್ಯಕ್ಕೆ ಕೊಂಡ ಸಣ್ಣ ಮನೆಯಲ್ಲಿ ಮೇಜು ಸಿದ್ಧಮಾಡಿದ್ದಳು: ಎರಡು ತಟ್ಟೆ, ಎರಡು ಲೋಟ, ನಡುವೆ ಒಂದು ರೊಟ್ಟಿ, ಗಿಣ್ಣಿನ ಒಂದು ತುಂಡು, ಒಂದು ಹೂ. ಆ ಆಟ ಆಡಿದವರಿಗೇ ಗೊತ್ತು ಇದರ ಕಷ್ಟ. ವಸ್ತುಗಳನ್ನು ಹಿಡಿದು ನಿಲ್ಲಿಸುವುದು ಕತ್ತಲೆಯಲ್ಲಿ ಕೈಗವಸು ತೊಟ್ಟು ಸೂಜಿಗೆ ದಾರ ಪೋಣಿಸಿದಂತೆ. ಮೈ ತಗುಲಿದರೆ ಸಾಕು, ಲೋಟ ಹಾರಿ ಅಟ್ಟ ಸೇರುತ್ತದೆ. ಮರುದಿನ ಬೇವು ಬೆಲ್ಲ ತಿಂದು ಆಟ ತೆರೆದಾಗ ತಮ್ಮ ಅದನ್ನು ಕಂಡಿದ್ದ. ಅಂದಿನಿಂದ ಆ ಮೇಜಿನ ಬಳಿ ಉಸಿರು ಬಿಗಿಹಿಡಿದು ಸುತ್ತಿ ಹೋಗುತ್ತಿದ್ದ. ಹಳೆಯ ಸೇವ್ ತೆರೆದು ನೋಡಿದರೆ ಆ ಮೇಜು ಬರಿದಾಗಿತ್ತು.

“ಅದೇನು ಮಹಾ, ಮತ್ತ ಇಟ್ಟರಾತು” ಎಂದಳು ಅಕ್ಕ.

“ಬ್ಯಾಡ” ಎಂದ ತಮ್ಮ. ಕಾರಣ ಕೇಳಿದರೆ ಹೇಳಲಿಲ್ಲ.

ಎರಡನೆಯ ದಾರಿಯನ್ನು ಅಕ್ಕ ಬಲ್ಲವಳಾಗಿದ್ದಳು. ಕಂಪ್ಯೂಟರಿನಲ್ಲಿ ಆಡುವವರಿಗೆ ಮಾತ್ರ, ಕೀಲಿಮಣೆಯಲ್ಲಿ ಒಂದು ಎಂಬ ಅಂಕಿಯ ಎಡಕ್ಕಿರುವ ಕೀಲಿಯನ್ನೊತ್ತಿದರೆ, ಲೋಕವೆಲ್ಲ ಸ್ತಬ್ಧವಾಗಿ ಪರದೆಯ ಕೆಳಗೆ ಒಂದು ಬರೆಹದ ಕಿಂಡಿ ತೆರೆದುಕೊಳ್ಳುತ್ತದೆ. ಅದರ ಮೂಲಕ ಆಟದ ಸೂತ್ರಗಳಿಗೇ ಕೈಹಾಕಬಹುದು. ಟಿ.ವಿ.ಗೆ ಜೋಡಿಸಿ ಆಡುವ ಪೆಟ್ಟಿಗೆಗಳಲ್ಲಿ ಈ ಕಿಂಡಿಯಿಲ್ಲ; ಆ ಆಟಗಾರರಿಗೆ ಹಳೆಯ ಸೇವ್ ಒಂದೇ ಗತಿ.

ತಮ್ಮ ಇದಕ್ಕೂ ಒಪ್ಪಲಿಲ್ಲ. ಅದು ಕಳ್ಳದಾರಿಯೆಂಬುದು ಅವನ ಖಚಿತ ಅಭಿಪ್ರಾಯ. ಅದರಲ್ಲಿ ಸತ್ಯವಿಲ್ಲದೆ ಇಲ್ಲ. ಅದೇ ಕಿಂಡಿಯಿಂದ ಲಕ್ಷ ನಾಣ್ಯ ಬೇಡಿದರೆ ಲಕ್ಷವೂ ಕೈಸೇರುತ್ತದೆ. ಸಾವೇ ಬಾರದಂತೆ ವರ ಪಡೆಯಬಹುದು. ಕಾಲೇಜಿನ ಗೆಳೆಯರು ಹಾಗೆ ಆಡಿ ಎರಡೇ ದಿನಕ್ಕೆ ಬೇಸತ್ತು ಬಿಟ್ಟುದನ್ನು ಅವನು ಕಂಡಿದ್ದ. ಆರು ತಿಂಗಳು ಒಂದು ನಾಣ್ಯವನ್ನೂ ಪುಕ್ಕಟೆ ಪಡೆಯದೆ ಆಡಿದವರು ಕಡೆಯ ಗಳಿಗೆಯಲ್ಲಿ ಗೋಡೆಗೆ ಕನ್ನ ಕೊರೆಯುವುದೆ?

ಮಾತಿಗೆ ಮಾತು ಬೆಳೆಯಿತು. ಅಕ್ಕ ಲ್ಯಾಪ್‌ಟಾಪನ್ನು ಪಟ್ಟನೆ ಮುಚ್ಚಿದಳು. ತಮ್ಮ ಅಂಗಳಕ್ಕೆ ಹೋಗಿ ಆ ಉರಿಬಿಸಿಲಿನಲ್ಲಿ ನಿಂತ. ಹೋಗುವವಳು ಹೋಗುವಳು, ಇನ್ನು ಈ ಆಟದ ಗೊಡವೆಯಾದರೂ ಏಕೆ ಎಂದು ಗೊಣಗಿದ್ದು ಒಳಗೆ ಕುಳಿತವರಿಗೂ ಕೇಳಿಸಿತು.

ಸಂಜೆ ಅಜ್ಜಿ ಇಬ್ಬರನ್ನೂ ಕರೆದು ಕಡಲೆಯ ಮೊರದ ಮುಂದೆ ಕೂರಿಸಿದಳು. ಆಕೆಗೆ ಕಂಪ್ಯೂಟರಿನ ಗಂಧವಿಲ್ಲ. ಆದರೆ ಚೌಕಾಬಾರದಲ್ಲಿ ಆ ಓಣಿಗೆಲ್ಲ ಆಕೆಯೇ ಮುಂದು. ಹಾವು, ಏಣಿ, ಕವಡೆ, ಪಗಡೆ ಯಾವುದಾದರೂ ಸರಿ, ಆಟದ ನ್ಯಾಯ ಆಕೆಯ ಬಳಿಗೇ ಬರುತ್ತಿತ್ತು. ಸಂಗತಿಯನ್ನೆಲ್ಲ ಕೇಳಿ ಒಂದೇ ಪ್ರಶ್ನೆ ಹಾಕಿದಳು:

“ಕವಡಿ ಒಗದಾಗ ಒಂದು ಕವಡಿ ಅತ್ತ ಬೋರಲೂ ಬೀಳದ, ಇತ್ತ ಅಂಗಾತನೂ ಬೀಳದ, ಗ್ವಾಡಿಗೆ ಆತು ನಿಂತರ ಏನು ಮಾಡ್ತೀ?”

“ಮತ್ತೊಮ್ಮೆ ಒಗೀತೀವಿ” ಎಂದ ಹುಡುಗ.

“ಅದು ಮೋಸೇನು?”

“ಅಲ್ಲ.”

“ನಿಂತ ಕವಡಿನ ಕೈಲೆ ಅಂಗಾತ ಮಾಡಿ ಬಾರಾ ಬಿತ್ತು ಅಂದ್ರ?”

“ಅದು ಮೋಸ.”

“ಮತ್ತೇನು, ನಿನಗ ಗೊತ್ತದಲ್ಲ” ಎಂದು ಅಜ್ಜಿ ಮೊರವನ್ನು ಕೇರತೊಡಗಿದಳು.

ಹೀಗೆ ಒಪ್ಪಂದವಾಯಿತು. ನಿಂತುಹೋದ ಮೆಟ್ಟಿಲೊಂದನ್ನು ಮಾತ್ರ ದಾಟಿಸುವುದು. ಮುಂದಿನದನ್ನೆಲ್ಲ ಕಾಲಿನಿಂದಲೇ ನಡೆಯುವುದು. ನಾಣ್ಯ, ಆಯುಧ, ಆಯುಷ್ಯ ಯಾವುದನ್ನೂ ಮುಟ್ಟಕೂಡದು.

ರಾತ್ರಿ ಊಟವಾದ ಮೇಲೆ ಅಕ್ಕ ತನ್ನ ಉದ್ಯೋಗದ ಗಾಂಭೀರ್ಯದಿಂದಲೇ ಕೆಲಸಕ್ಕೆ ಕುಳಿತಳು. ಮೊದಲು ಇದ್ದ ಸ್ಥಿತಿಯನ್ನು ಬೇರೆಯಾಗಿ ಸೇವ್ ಮಾಡಿದಳು. ದುರಸ್ತಿಗೆ ಕೈಹಾಕುವ ಮುನ್ನ ಹಿಂದಿರುಗುವ ದಾರಿ ಇರಬೇಕಷ್ಟೆ. ಆಟದ ಒಳಲೆಕ್ಕದಲ್ಲಿ ಈ ಕ್ವೆಸ್ಟಿನ ಗುರುತು ಎಂ.ಎಸ್.11. ಕಿಂಡಿ ತೆರೆದು, ಅದರ ಮೆಟ್ಟಿಲುಗಳನ್ನು ತೋರಿಸೆಂದು ಆಜ್ಞೆ ಬರೆದಳು. ಅಂಕಿಗಳ ಸಾಲೊಂದು ಇಳಿಯಿತು. ದಾಟಿದ ಮೆಟ್ಟಿಲಿನ ಮುಂದೆ ಒಂದು, ದಾಟದ್ದರ ಮುಂದೆ ಸೊನ್ನೆ. ಮೇಲಿನವೆಲ್ಲ ಒಂದು ಒಂದು ಎಂದಿದ್ದವು. ಆಮೇಲೆ ಸೊನ್ನೆಗಳು. “ಇಲ್ಲೇ ನಿಂತದ ನೋಡು ಕವಡಿ” ಎಂದು ತಮ್ಮನಿಗೆ ತೋರಿಸಿದಳು.

ಮೊದಲ ಸಲ ಎಡವಿದಳು. ಆತುರದಲ್ಲಿ ಎರಡು ಮೆಟ್ಟಿಲು ಮುಂದಕ್ಕೆ ತಳ್ಳಿದ್ದಳು. ಪಟ್ಟಿಯಲ್ಲಿ ಹೊಸ ಆಜ್ಞೆಯೇನೋ ಮೂಡಿತು, ಆದರೆ ನಡುವೆ ನಡೆಯಬೇಕಾದುದು ನಡೆದಿರಲಿಲ್ಲವಾಗಿ ಹ್ಯೆರಿಮಿನ ಬೀಗದ ಕೈ ಕೊಡಬೇಕಾದವಳೂ ಮೂಕಿಯಾದಳು. ಒಂದು ಮೆಟ್ಟಿಲಿಗೆ ಒಯ್ದು ನಿಲ್ಲಿಸಿದರೆ ಆ ಮೆಟ್ಟಿಲಿನ ಕೆಲಸವಷ್ಟೇ ನಡೆಯುತ್ತದೆ. ಹಾರಿಬಂದ ಮೆಟ್ಟಿಲುಗಳ ಕೆಲಸ ಹಾಗೆಯೇ ಬಾಕಿ ಉಳಿಯುತ್ತದೆ. ಕಾದಿಟ್ಟ ಸೇವ್‌ಗೆ ಮರಳಿ, ಈ ಸಲ ಸರಿಯಾಗಿ ಪಕ್ಕದ ಅಂಕಿಯನ್ನೇ ಬರೆಯುವಷ್ಟರಲ್ಲಿ ಗಾಳಿ ಎದ್ದಿತು. ಗುಡುಗಿತು. ದೀಪ ಹೋಯಿತು. ಅದೇ ಜಿಲ್ಲೆಯ ಶಕ್ತಿನಗರದಲ್ಲಿ 1,720 ಮೆಗಾವಾಟ್ ಸಾಮರ್ಥ್ಯದ ಶಾಖೋತ್ಪನ್ನ ವಿದ್ಯುತ್ ಕೇಂದ್ರವಿದೆ. ಆದರೆ ಬೇಸಗೆಯ ಮಳೆಗಾಳಿಗೆ ಅದರ ಹಂಗೇನು? ಲ್ಯಾಪ್‌ಟಾಪಿನ ಬ್ಯಾಟರಿ ಹಳೆಯದು. ಇಪ್ಪತ್ತು ನಿಮಿಷ ಬಂದರೆ ಹೆಚ್ಚು. ಅಕ್ಕ ಪರದೆಯ ಬೆಳಕನ್ನು ಮಂದಗೊಳಿಸಿದಳು. ಕತ್ತಲೆಯ ಪಡಸಾಲೆಯಲ್ಲಿ ಎರಡು ಮುಖಗಳ ಮೇಲೆ ಹಿಮದ ನೀಲಿಬೆಳಕು. ತಮ್ಮ ವೀರಾಂಗನೆಯನ್ನು ಅರಮನೆಗೆ ಓಡಿಸಿದ. ಪಾರುಪತ್ಯಗಾರನೆದುರು ನಿಲ್ಲಿಸಿದ.

ಪ್ರಶ್ನೆ ಮೂಡಿತು! ಪಾರುಪತ್ಯಗಾರ ಮಾತನಾಡಿದ. ತನಿಖೆಗೆ ನೆರವಾಗುವವರಿದ್ದರೆ ತನಗೆ ಸಂತೋಷವೆಂದ. ಹುಡುಗ ಹಾಕಿದ ಕೇಕೆಗೆ ಪಕ್ಕದ ಮನೆಯ ಎಮ್ಮೆ ಕೂಗಿಕೊಂಡಿತು. “ಕಾವಲಿ ಮಂದಿಗಿಂತ ನೀವೇ ವಾಸಿ” ಎಂದು ಅಜ್ಜಿ ಮಲಗಿದಲ್ಲಿಂದಲೇ ಹೇಳಿದಳು.

ಉಳಿದುದನ್ನು ಮುಂದಿನ ಎರಡು ದಿನಗಳಲ್ಲಿ, ಅರಿಸಿನ ಕುಟ್ಟುವ ಶಾಸ್ತ್ರಕ್ಕೂ ಬಳೆ ತೊಡಿಸುವುದಕ್ಕೂ ನಡುವಣ ಬಿಡುವಿನಲ್ಲಿ ಆಡಿದರು. ಕೊಲೆಗಾರನಾರೆಂದು ಇಲ್ಲಿ ಹೇಳುವಂತಿಲ್ಲ. ಪತ್ತೇದಾರಿ ಧಾರಾವಾಹಿಯ ಕಡೆಯ ಕಂತನ್ನು ನೆರೆಮನೆಯವರು ಮೊದಲೇ ಹೇಳಿಬಿಟ್ಟರೆ ಆಗುವ ಸಂಕಟ ಯಾರಿಗೆ ತಿಳಿಯದು? ಆಸ್ಥಾನದ ಮುದಿ ಮಾಂತ್ರಿಕನ ಮೇಲೆ ತಮ್ಮನಿಗೆ ಬಲವಾದ ಶಂಕೆಯಿತ್ತೆಂದೂ, ಅವನನ್ನು ಸೆರೆಮನೆಗೆ ತಳ್ಳಿಸಲು ಹೊರಟಾಗ “ತಡಿಯೋ, ಆ ಮುದುಕನ ಮಾತೂ ಒಂದೀಟು ಕೇಳೂಣು” ಎಂದು ಅಕ್ಕ ಕೈ ಹಿಡಿದಳೆಂದೂ ಹೇಳಿದರೆ ಸಾಕು.

ಮನೆ ಕೈಸೇರಿತು. 12,000 ನಾಣ್ಯ ಎಣಿಸಿಕೊಂಡು ಪಾರುಪತ್ಯಗಾರ ಬೀಗದ ಕೈ ಕೊಟ್ಟ. ಕೊಲೆಗಾರ ಬಿಟ್ಟುಹೋದ ಹೊಲಸನ್ನು ತೊಳೆಸುವುದಕ್ಕೆ ಬೇರೆ 500 ನಾಣ್ಯ. ಆ ಒಂದು ವೆಚ್ಚವನ್ನು ಅಜ್ಜಿ ಪೂರ್ಣವಾಗಿ ಮೆಚ್ಚಿದಳು. ವಾಸ್ತುಶಾಂತಿಯೂ ಆಗಬೇಕಿತ್ತೆಂದಳು. ಬರಿಗೋಡೆಯ ದೊಡ್ಡ ಹಜಾರದಲ್ಲಿ ವೀರಾಂಗನೆಯನ್ನು ಒಂದು ಸುತ್ತು ಅಡ್ಡಾಡಿಸಿ, ಅಕ್ಕ ಲ್ಯಾಪ್‌ಟಾಪನ್ನು ತಮ್ಮನ ಮಡಿಲಿಗೆ ಸರಿಸಿದಳು. ಹೊರಗೆ ಚಪ್ಪರದ ಗಳುಗಳು ಬಂದಿಳಿಯುತ್ತಿದ್ದವು.

ನವೆಂಬರ್ ತಿಂಗಳಲ್ಲಿ ಒಂದು ದಿನ, ಕುರ್ಡಿಯಲ್ಲಿ ರಾತ್ರಿ ಒಂಬತ್ತು, ವಿನಿಪೆಗ್‌ನಲ್ಲಿ ಬೆಳಗಿನ ಒಂಬತ್ತೂವರೆ. ಫೋನಿನ ಪುಟ್ಟ ಪರದೆಯಲ್ಲಿ ಅಕ್ಕ ಕಿಟಕಿಯ ಪರದೆ ಸರಿಸಿ ಬಿಳಿಯ ಬೀದಿಯನ್ನು ತೋರಿಸಿದಳು. ಅಜ್ಜಿ ಬಹಳ ಹೊತ್ತು ನೋಡಿ, “ಆಟದಾಗಿಂದು ಇದಕಿಂತ ಛಲೋ ಇತ್ತು” ಎಂದಳು. ತಮ್ಮನ ಸರದಿ ಬಂದಾಗ ಅವನು ಪರೀಕ್ಷೆಯ ವಿಚಾರ ಹೇಳಿದ, ಹೊಲದ ಹತ್ತಿಯ ವಿಚಾರ ಹೇಳಿದ. ಕಡೆಗೆ, ಹ್ಯೆರಿಮಿನಲ್ಲಿ ಮೇಜು ಜೋಡಿಸಿದ್ದೇನೆಂದ. ಎರಡು ತಟ್ಟೆ, ಎರಡು ಲೋಟ, ರೊಟ್ಟಿ ಎಲ್ಲ ನಿಂತಿವೆಯಂತೆ. ಗಿಣ್ಣಿನ ತುಂಡೊಂದು ಮಾತ್ರ ಎಷ್ಟು ಸಲ ಇಟ್ಟರೂ ಉರುಳಿ ಬೀಳುತ್ತದೆಯಂತೆ.

“ತಟ್ಟಿ ಅಂಚಿಗೆ ಒರಗಿಸಬ್ಯಾಡ, ಮೇಲಿಂದ ಮೆಲ್ಲಕ ಬಿಡು” ಎಂದಳು ಅಕ್ಕ.